ಮೀಟರ್‌ಗೇಜ್ ನೆನಪಿಗೆ ಕ್ಯಾಮೆರಾ ಹಿಡಿಯುವ ಬಗೆ

1992ರಲ್ಲಿ ಭಾರತೀಯ ರೈಲ್ವೆ ಹಳಿಗಳನ್ನೆಲ್ಲ ಒಂದೇ ಅಗಲಕ್ಕೆ ತರುವ ‘ಯೂನಿಗೇಜ್’ ಯೋಜನೆಗೆ ಕೈಹಾಕಿದಾಗ ಕರ್ನಾಟಕದ ದೊಡ್ಡ ಪಾಲು ಊರುಗಳಿಗೆ ರೈಲು ಎಂದರೆ ಮೀಟರ್‌ಗೇಜ್ ರೈಲೇ. ಹಳಿಯಿಂದ ಹಳಿಗೆ ಒಂದು ಮೀಟರ್, ಪುಟ್ಟ ಬೋಗಿ, ನಿಧಾನದ ಓಟ. ಹೆಚ್ಚುಕಡಿಮೆ ಇಪ್ಪತ್ತು ವರ್ಷಗಳಲ್ಲಿ ಆ ಹಳಿಗಳೆಲ್ಲ ಎದ್ದು, 1,676 ಮಿಲಿಮೀಟರ್ ಅಗಲದ ಬ್ರಾಡ್‌ಗೇಜ್ ಬಂತು. ಪ್ರಯಾಣಿಕರಿಗೆ ಅನುಕೂಲವೇ ಆಯಿತು. ಗೇಜ್ ಬದಲಾದ ಕಡೆಗಳಲ್ಲಿ ಹಳೆಯ ಕೆಲಸದ ಕ್ರಮಗಳೂ ಕ್ರಮೇಣ ಎದ್ದುಹೋದವು.

ಎಂಜಿನ್ ಉಳಿಸುವುದು ನಮಗೆ ಗೊತ್ತು. ಮೈಸೂರಿನ ರೈಲು ಮ್ಯೂಸಿಯಂ 1979ರಿಂದ ಇದೆ, ಹುಬ್ಬಳ್ಳಿಯದು 2020ರಲ್ಲಿ ತೆರೆಯಿತು. ಕಟ್ಟಡ ಉಳಿಸುವುದನ್ನೂ ಕಲಿಯುತ್ತಿದ್ದೇವೆ. ಬೆಂಗಳೂರು–ಚಿಕ್ಕಬಳ್ಳಾಪುರ ಮಾರ್ಗದ ನಂದಿ ಹಾಲ್ಟ್‌ನಂಥ ಪುಟ್ಟ ನಿಲ್ದಾಣಗಳ ಪುನರುಜ್ಜೀವನಕ್ಕೆ ಪರಂಪರೆ ಸಂರಕ್ಷಣೆಯ ಇನ್‌ಟ್ಯಾಕ್ ಸಂಸ್ಥೆಯ ಬೆಂಗಳೂರು ವಿಭಾಗ ಕೈಜೋಡಿಸಿದೆ. ಆದರೆ ಕೈಮರದ ಲಿವರ್ ಎಳೆಯಲು ಮೈಯ ಭಾರವನ್ನು ಎಲ್ಲಿ ಹಾಕಬೇಕು, ಮಳೆಗಾಲದ ರಾತ್ರಿ ಘಾಟಿಯಲ್ಲಿ ಹಳಿ ಕಾಯುವವನು ಏನನ್ನು ಕಿವಿಗೊಟ್ಟು ಕೇಳುತ್ತಾನೆ, ಇಂಥ ವಿದ್ಯೆಯನ್ನು ಗಾಜಿನ ಪೆಟ್ಟಿಗೆಯಲ್ಲಿ ಇಡಲಾಗದು. ಅದನ್ನು ಹಿಡಿದಿಡುವ ಶಕ್ತಿ ಇರುವುದು ಚಲಿಸುವ ಚಿತ್ರಕ್ಕೆ, ಸದ್ದಿಗೆ.

ಸಾಕ್ಷ್ಯಚಿತ್ರ ಮಾಡಹೊರಟವರು ಶುರುವಿನಲ್ಲೇ ತಿಳಿದಿರಬೇಕಾದ ಮಾತೊಂದಿದೆ. ಅರ್ಧ ಗಂಟೆಯ ಚಿತ್ರಕ್ಕೆ ಇಪ್ಪತ್ತು ಮೂವತ್ತು ಗಂಟೆ ಚಿತ್ರೀಕರಣ ಆಗುವುದು ಸಾಮಾನ್ಯ. ಚಿತ್ರವನ್ನು ಜನ ಒಮ್ಮೆ ನೋಡಿ ಮೆಚ್ಚುತ್ತಾರೆ. ಬಳಸದೆ ಉಳಿದ ಆ ಕಚ್ಚಾ ದೃಶ್ಯಗಳು ಮಾತ್ರ ಸರಿಯಾಗಿ ಹೆಸರಿಟ್ಟು, ಜೋಪಾನವಾಗಿ ಇಟ್ಟರೆ ಐವತ್ತು ವರ್ಷದ ನಂತರ ಬರುವ ಸಂಶೋಧಕನಿಗೆ ದೊಡ್ಡ ಆಸ್ತಿ. ಹಾಗಾಗಿ ಚಿತ್ರವನ್ನೂ ದಾಖಲೆಯನ್ನೂ ಒಟ್ಟಿಗೆ ಕಟ್ಟುವ ಕ್ರಮ ಹೇಗೆ ಎಂಬುದನ್ನು ಇಲ್ಲಿ ಹಂತ ಹಂತವಾಗಿ ನೋಡೋಣ.

ಒಂದೇ ಮಾರ್ಗ, ಒಂದೇ ಪ್ರಶ್ನೆ

‘ಕರ್ನಾಟಕದ ರೈಲ್ವೆ ಇತಿಹಾಸ’ ಎಂಬ ವಿಷಯ ಇಟ್ಟುಕೊಂಡು ಹೊರಟರೆ ಚಿತ್ರ ಪಠ್ಯಪುಸ್ತಕದಂತಾಗುತ್ತದೆ. ಒಂದು ಮಾರ್ಗ ಆರಿಸಿಕೊಳ್ಳಿ, ಅದಕ್ಕೆ ಒಂದೇ ಪ್ರಶ್ನೆ ಹಾಕಿ. ನಮ್ಮಲ್ಲಿ ಅಂಥ ಮಾರ್ಗಗಳಿಗೆ ಬರವಿಲ್ಲ.

ಬೆಂಗಳೂರು–ಮೈಸೂರು ಮಾರ್ಗ 1876–78ರ ಘೋರ ಬರದ ಹಿನ್ನೆಲೆಯಲ್ಲಿ ಶುರುವಾಗಿ 1882ರಲ್ಲಿ ಮೈಸೂರು ಮುಟ್ಟಿತು. ಹಸಿದವರಿಗೆ ಕೂಲಿ ಕೊಡುವ ಬರಪರಿಹಾರದ ಕಾಮಗಾರಿ ಅದು. ದಿನಕ್ಕೆ ಸಾವಿರಾರು ಜನ ಓಡಾಡುವ ಈ ದಾರಿಯ ಬುನಾದಿಯಲ್ಲಿ ಬರ ಇದೆ ಎಂಬುದೊಂದೇ ಚಿತ್ರಕ್ಕೆ ಸಾಕಾಗುವಷ್ಟು ವಸ್ತು. ನಂಜನಗೂಡಿನ ಕಪಿಲಾ ನದಿಯ ಮೇಲೆ 1735ರ ಕಲ್ಲಿನ ಸೇತುವೆಯಿದೆ. ಎತ್ತಿನ ಗಾಡಿಗಾಗಿ ಕಟ್ಟಿದ್ದ ಸೇತುವೆ ಮುಂದೆ ರೈಲನ್ನೂ ಹೊತ್ತಿತು. ಬೆಂಗಳೂರಿನಿಂದ ದೊಡ್ಡಜಾಲ, ದೇವನಹಳ್ಳಿ, ಚಿಕ್ಕಬಳ್ಳಾಪುರ ದಾಟಿ ಕೋಲಾರದ ಕಡೆಗೆ ಹೋಗುತ್ತಿದ್ದದ್ದು ಎರಡೂವರೆ ಅಡಿ ಅಂತರದ ನ್ಯಾರೋಗೇಜ್. ವಿಶ್ವೇಶ್ವರಯ್ಯನವರ ದಿವಾನಗಿರಿಯ ಕಾಲದ ಕೂಸು ಅದು. ಅದರ ಚಿಕ್ಕಬಳ್ಳಾಪುರ–ಕೋಲಾರ ಭಾಗ ಬ್ರಾಡ್‌ಗೇಜ್ ಆಗಿ ಮತ್ತೆ ತೆರೆದದ್ದು 2013ರಲ್ಲಿ. ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡಿಗೆ ಇಳಿಯುವ ಘಾಟಿ ಮಾರ್ಗ 1979ರಲ್ಲಿ ಮೀಟರ್‌ಗೇಜ್ ಆಗಿ ಶುರುವಾಯಿತು. 1996ರಲ್ಲಿ ಗೇಜ್ ಬದಲಾವಣೆಗೆಂದು ಮುಚ್ಚಿದ ಈ ದಾರಿಯಲ್ಲಿ ಪ್ರಯಾಣಿಕರ ರೈಲು ಮತ್ತೆ ಓಡಿದ್ದು 2007ರ ಡಿಸೆಂಬರ್‌ನಲ್ಲಿ. ಐವತ್ತು ಮೀಟರ್‌ಗೆ ಒಂದು ಮೀಟರ್ ಏರುವ ಇಲ್ಲಿನ ಕಡಿದಾದ ಹಾದಿಯಲ್ಲಿ ಹತ್ತಿರ ಹತ್ತಿರ ಅರವತ್ತು ಸುರಂಗಗಳಿವೆ.

ಶಿವಮೊಗ್ಗ–ತಾಳಗುಪ್ಪ ಮಾರ್ಗದ ಕತೆಯೇ ಬೇರೆ. ಮಲೆನಾಡಿನ ಮರಮಟ್ಟು ಹೊತ್ತು, ಕೊನೆಗಾಲದಲ್ಲಿ ರೈಲ್‌ಬಸ್ ಓಡಿಸಿಕೊಂಡು ಕುಂಟುತ್ತಾ ಬದುಕಿದ್ದ ಈ ದಾರಿಗೆ 2011ರ ಹೊತ್ತಿಗೆ ತಾಳಗುಪ್ಪದವರೆಗೂ ಬ್ರಾಡ್‌ಗೇಜ್ ಬಂತು. ಇದರ ಅರಸಾಳು ನಿಲ್ದಾಣದಲ್ಲೇ ಶಂಕರ್‌ನಾಗ್ 1980ರ ದಶಕದಲ್ಲಿ ‘ಮಾಲ್ಗುಡಿ ಡೇಸ್’ ಧಾರಾವಾಹಿಯ ರೈಲು ನಿಲ್ದಾಣದ ದೃಶ್ಯಗಳನ್ನು ತೆಗೆದದ್ದು. ಕಟ್ಟುಕತೆಗೆಂದು ತೆಗೆದ ಆ ದೃಶ್ಯಗಳು ಮಲೆನಾಡಿನ ಮೀಟರ್‌ಗೇಜ್ ನಿಲ್ದಾಣವೊಂದು ಹೇಗಿತ್ತು ಎಂಬುದಕ್ಕೆ ಈಗ ದಾಖಲೆಯಾಗಿವೆ. ಹಳೆಯ ನಿಲ್ದಾಣದ ಕಟ್ಟಡ 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ಆಯಿತು. ಧಾರಾವಾಹಿಯ ಕಲಾ ನಿರ್ದೇಶಕರಾಗಿದ್ದ ಜಾನ್ ದೇವರಾಜ್ ಅವರೇ ಅದನ್ನು ರೂಪಿಸಿಕೊಟ್ಟರು. ಕ್ಯಾಮೆರಾ ಒಮ್ಮೆ ಬಂದುಹೋದದ್ದರಿಂದ ಕಟ್ಟಡವೊಂದು ಉಳಿದುಕೊಂಡದ್ದಕ್ಕೆ ಇದಕ್ಕಿಂತ ಹತ್ತಿರದ ನಿದರ್ಶನ ಸಿಗುವುದು ಕಷ್ಟ.

ಮಾರ್ಗ ಆರಿಸಿದ ಮೇಲೆ ಪ್ರಶ್ನೆ ಸಣ್ಣದಾಗಿರಲಿ. ‘ಈ ನಿಲ್ದಾಣದಲ್ಲಿ ಒಂದು ರೈಲು ಬಂದು ಹೋಗಬೇಕಾದರೆ ಎಷ್ಟು ಜನರ ಕೈ ಬೇಕಿತ್ತು?’ ಎಂದು ಕೇಳಿದರೆ ಸಾಕು. ಉತ್ತರ ಹುಡುಕುತ್ತಾ ಹೋದಂತೆ ಚಿತ್ರದ ಆಕಾರ ತಾನಾಗಿ ಮೂಡುತ್ತದೆ.

ಮೊದಲು ಕಾಗದ

ಮೈಸೂರು ಸಂಸ್ಥಾನದ ಕಾಲದ ಕಡತಗಳು ಬೆಂಗಳೂರಿನ ಕರ್ನಾಟಕ ರಾಜ್ಯ ಪತ್ರಾಗಾರದಲ್ಲಿವೆ. ಜಮೀನು ಸ್ವಾಧೀನ, ಖರ್ಚುವೆಚ್ಚ, ಊರವರ ಮನವಿ, ಇಂಥ ಕಾಗದಗಳಲ್ಲಿ ಮಾರ್ಗ ಆ ಕಡೆ ಯಾಕೆ ತಿರುಗಿತು ಎಂಬ ಸುಳಿವು ಸಿಗುತ್ತದೆ. ಧಾರವಾಡ, ಹುಬ್ಬಳ್ಳಿ, ಗದಗ ಕಡೆಯದು ಸದರ್ನ್ ಮರಾಠಾ ರೈಲ್ವೆ ಕಂಪನಿಯ ಚರಿತ್ರೆ. ಅದರ ದಾಖಲೆಗಳಿಗೆ ಮುಂಬೈ, ದೆಹಲಿಯ ಪತ್ರಾಗಾರಗಳನ್ನೂ ಲಂಡನ್ನಿನ ಬ್ರಿಟಿಷ್ ಲೈಬ್ರರಿಯನ್ನೂ ನೋಡಬೇಕಾಗುತ್ತದೆ.

ಹಳೆಯ ಚಲನಚಿತ್ರ ತುಣುಕು ಬೇಕಾದರೆ ನಾಲ್ಕು ಕಡೆ ಹುಡುಕಬಹುದು. ಪುಣೆಯಲ್ಲಿ 1964ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಒಂದು. 1948ರಿಂದ ವಾರ್ತಾಚಿತ್ರ ತೆಗೆಯುತ್ತಾ ಬಂದ ಫಿಲ್ಮ್ಸ್ ಡಿವಿಜನ್‌ನ ಸಂಗ್ರಹ ಇನ್ನೊಂದು. ಈ ಸಂಸ್ಥೆ ಈಗ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದ ಒಳಗೆ ಸೇರಿದೆ. ಇಂಡಿಯಾದಲ್ಲಿದ್ದ ಬ್ರಿಟಿಷ್ ಕುಟುಂಬಗಳು ತೆಗೆದ ಮನೆಚಿತ್ರಗಳನ್ನು ಕೇಂಬ್ರಿಜ್ ವಿಶ್ವವಿದ್ಯಾಲಯದ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರ ಕಾಪಾಡಿಕೊಂಡಿದೆ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಕೂಡ 1899ರಿಂದ 1947ರವರೆಗಿನ ಇಂಡಿಯಾದ ಚಿತ್ರಗಳ ಗುಚ್ಛವೊಂದನ್ನು 2017ರಲ್ಲಿ ಹೊರತಂದಿತು.

ಹಕ್ಕಿನ ಮಾತನ್ನು ಈ ಹಂತದಲ್ಲೇ ಮುಗಿಸಿಕೊಳ್ಳಿ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಚಲನಚಿತ್ರಕ್ಕೂ ಧ್ವನಿಮುದ್ರಿಕೆಗೂ ಪ್ರಕಟವಾದ ಮುಂದಿನ ವರ್ಷದಿಂದ ಲೆಕ್ಕ ಹಾಕಿ 60 ವರ್ಷ ರಕ್ಷಣೆ ಇರುತ್ತದೆ. ಅದಕ್ಕಿಂತ ಈಚಿನ ಒಂದು ನಿಮಿಷದ ತುಣುಕಿಗೂ ಬರವಣಿಗೆಯಲ್ಲಿ ಒಪ್ಪಿಗೆ ಬೇಕು. ಛಾಯಾಚಿತ್ರಗಳಿಗೆ ಲೆಕ್ಕ ಬೇರೆ. ಅವುಗಳ ರಕ್ಷಣೆ ಇನ್ನೂ ದೀರ್ಘ.

ಪತ್ರಾಗಾರದಲ್ಲಿ ಸಿಗದ ಕಾಗದವೂ ಇದೆ. ಹಳೆಯ ವೇಳಾಪಟ್ಟಿ, ನಿಲ್ದಾಣದ ಗೋಡೆಗೆ ತೂಗುಹಾಕುತ್ತಿದ್ದ ಹಳಿ–ಸಿಗ್ನಲ್‌ಗಳ ನಕ್ಷೆ, ನಿವೃತ್ತರ ಟ್ರಂಕಿನಲ್ಲಿರುವ ಡ್ಯೂಟಿ ಪಾಸು. ನಿಲ್ದಾಣದ ಸುತ್ತ ಒಂದು ಸುತ್ತು ಹಾಕಿದರೆ ಕಬ್ಬಿಣವೂ ಮಾತಾಡುತ್ತದೆ. ಬೇಲಿಗೆ ನೆಟ್ಟ ಹಳೆಯ ಹಳಿತುಂಡಿನ ಪಕ್ಕೆಯಲ್ಲಿ ತಯಾರಿಸಿದ ಕಂಪನಿಯ ಹೆಸರೂ ಇಸವಿಯೂ ಅಚ್ಚಾಗಿರುವುದುಂಟು. ಅದನ್ನು ಸೀಮೆಸುಣ್ಣದಿಂದ ಉಜ್ಜಿ, ಬೆಳಗಿನ ಓರೆಬಿಸಿಲಲ್ಲಿ ತೆಗೆದರೆ ಅಕ್ಷರ ಎದ್ದು ಕಾಣುತ್ತದೆ.

ಅನುಮತಿ ಯಾರ ಹತ್ತಿರ?

ನಿಲ್ದಾಣದಲ್ಲಿ ನಿಂತು ಮೊಬೈಲಿನಲ್ಲಿ ಫೋಟೋ ತೆಗೆಯುವುದೇ ಬೇರೆ, ಟ್ರೈಪಾಡ್ ನಿಲ್ಲಿಸಿ ಚಿತ್ರ ತೆಗೆಯುವುದೇ ಬೇರೆ. ಎರಡನೆಯದಕ್ಕೆ ಲಿಖಿತ ಅನುಮತಿ ಬೇಕು. ಒಂದೇ ರೈಲ್ವೆ ವಲಯದೊಳಗೆ ಕೆಲಸ ಮುಗಿಯುವುದಾದರೆ ಆ ವಲಯದ ಮುಖ್ಯ ಸಾರ್ವಜನಿಕ ಸಂಪರ್ಕಾಧಿಕಾರಿಗೆ ಅರ್ಜಿ ಹಾಕಿ. ಹಲವು ವಲಯಗಳಿಗೆ ಹರಡಿಕೊಂಡಿದ್ದರೆ ದೆಹಲಿಯ ರೈಲ್ವೆ ಮಂಡಳಿಯ ಬಾಗಿಲು ತಟ್ಟಬೇಕು.

ನಮ್ಮ ರಾಜ್ಯದಲ್ಲಿ ಎಡವುವುದು ಇಲ್ಲೇ. ಕರ್ನಾಟಕದ ರೈಲು ಎಂದರೆ ಹುಬ್ಬಳ್ಳಿ ಎಂದುಕೊಂಡರೆ ಅರ್ಧ ಸರಿ. 2003ರಲ್ಲಿ ಹುಟ್ಟಿದ ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ ಹುಬ್ಬಳ್ಳಿಯಲ್ಲಿದ್ದು, ಹುಬ್ಬಳ್ಳಿ, ಬೆಂಗಳೂರು, ಮೈಸೂರು ವಿಭಾಗಗಳು ಅದರ ಕೆಳಗೆ ಬರುತ್ತವೆ. ಮಂಗಳೂರು ಸೆಂಟ್ರಲ್ ದಕ್ಷಿಣ ರೈಲ್ವೆಯ ಪಾಲಕ್ಕಾಡ್ ವಿಭಾಗಕ್ಕೆ ಸೇರಿ ಬೆಳೆದ ನಿಲ್ದಾಣ. ತೋಕೂರಿನಿಂದ ಉತ್ತರಕ್ಕೆ ಕೊಂಕಣ ರೈಲ್ವೆ ನಿಗಮದ ಹಾದಿ. ಕಲಬುರಗಿಯದು ಮಧ್ಯ ರೈಲ್ವೆಯ ಸೊಲ್ಲಾಪುರ ವಿಭಾಗ, ಬೀದರಿನದು ಸಿಕಂದರಾಬಾದಿನ ಕಡೆ. ಇವುಗಳ ಗಡಿ ಆಗಾಗ ಬದಲಾಗುವುದೂ ಉಂಟು. ಆದ್ದರಿಂದ ಮಾರ್ಗದ ಪ್ರತಿಯೊಂದು ನಿಲ್ದಾಣ ಇವತ್ತಿಗೆ ಯಾರ ಕೈಯಲ್ಲಿದೆ ಎಂದು ಪಟ್ಟಿ ಮಾಡಿಕೊಂಡೇ ಅರ್ಜಿ ಬರೆಯಿರಿ.

ಅರ್ಜಿಯ ಜೊತೆಗೆ ಚಿತ್ರದ ಸಾರಾಂಶ, ದಿನಾಂಕ ಮತ್ತು ಜಾಗಗಳ ಪಟ್ಟಿ, ತಂಡದವರ ಹೆಸರು, ಸಲಕರಣೆಗಳ ವಿವರ ಇರಲಿ. ಶುಲ್ಕ, ವಿಮೆ, ಅವಘಡವಾದರೆ ಹೊಣೆ ನಮ್ಮದೇ ಎಂಬ ಮುಚ್ಚಳಿಕೆ, ಇವನ್ನೂ ಕೇಳುತ್ತಾರೆ. ಶೈಕ್ಷಣಿಕ ಉದ್ದೇಶ ಇದ್ದರೆ ಕಾಲೇಜು ಅಥವಾ ವಿಶ್ವವಿದ್ಯಾಲಯದ ಪತ್ರ ಲಗತ್ತಿಸಿದರೆ ಕೆಲಸ ಸಲೀಸು. ‘ಯಾವ ಕೆಲಸವನ್ನು, ಯಾರ ಜೊತೆ, ಎಷ್ಟು ಹೊತ್ತು ಚಿತ್ರಿಸುತ್ತೇವೆ’ ಎಂದು ನಿಖರವಾಗಿ ಬರೆದ ಅರ್ಜಿಗೆ ಅಧಿಕಾರಿ ಧೈರ್ಯವಾಗಿ ಸಹಿ ಹಾಕಬಲ್ಲರು.

ಅನುಮತಿ ಇಲ್ಲದೆ ಹಳಿ ಮೇಲೆ ಓಡಾಡುವುದು ರೈಲ್ವೆ ಕಾಯ್ದೆ 1989ರ 147ನೇ ಸೆಕ್ಷನ್ ಪ್ರಕಾರ ಅಪರಾಧ. ಆರು ತಿಂಗಳವರೆಗೆ ಜೈಲು, ಸಾವಿರ ರೂಪಾಯಿವರೆಗೆ ದಂಡ ಅಥವಾ ಎರಡೂ ಆಗಬಹುದು. ಸಕಲೇಶಪುರ ಘಾಟಿಯ ಹಳಿಗುಂಟ ಚಾರಣ ಹೋಗುವುದನ್ನು ರೈಲ್ವೆ ನಿಷೇಧಿಸಿದೆ. ಅಲ್ಲಿನ ಚಿತ್ರೀಕರಣ ಇಲಾಖೆಯ ಸಿಬ್ಬಂದಿ ಜೊತೆಗಿದ್ದಾಗ ಮಾತ್ರ. ಡ್ರೋನ್ ಹಾರಿಸುವುದಾದರೆ 2021ರ ಡ್ರೋನ್ ನಿಯಮಗಳ ನಕ್ಷೆಯಲ್ಲಿ ಆ ಜಾಗ ಯಾವ ಬಣ್ಣದಲ್ಲಿದೆ ಎಂದು ನೋಡಿಕೊಂಡು, ರೈಲ್ವೆಯ ಒಪ್ಪಿಗೆಯನ್ನೂ ಬೇರೆಯಾಗಿ ಪಡೆಯಬೇಕು. ವಿದ್ಯುತ್ ಮಾರ್ಗಗಳಲ್ಲಿ ತಲೆ ಮೇಲಿನ ತಂತಿಯಲ್ಲಿ 25,000 ವೋಲ್ಟ್ ಹರಿಯುತ್ತಿರುತ್ತದೆ. ಮೈಕ್ ಕಟ್ಟಿದ ಉದ್ದನೆಯ ಕೋಲನ್ನು ಅದರ ಕೆಳಗೆ ಎತ್ತಿ ಹಿಡಿದರೆ ಮುಟ್ಟದಿದ್ದರೂ ಜೀವಕ್ಕೆ ಅಪಾಯ. ಅಲ್ಲಿ ಕೋಲು ಬೇಡ, ಅಂಗಿಗೆ ಸಿಕ್ಕಿಸುವ ಮೈಕ್ ಸಾಕು.

ಒಂದು ಕೆಲಸ, ಮೊದಲಿನಿಂದ ಕೊನೆಯವರೆಗೆ

ರೈಲಿನ ಚಿತ್ರ ಎಂದರೆ ತಿರುವಿನಲ್ಲಿ ಬರುವ ಗಾಡಿ, ಸೇತುವೆ, ಹೊಗೆ. ಅಂಥ ನೋಟ ಬೇಕಾದಷ್ಟಿದೆ. ಕೊರತೆ ಇರುವುದು ಕೆಲಸದ ಪೂರ್ಣ ದೃಶ್ಯಗಳಿಗೆ. ಉದಾಹರಣೆಗೆ, ಒಂಟಿ ಹಳಿಯ ಮಾರ್ಗದಲ್ಲಿ ಎದುರುಬದುರು ಗಾಡಿ ಬರದಂತೆ ತಡೆಯುತ್ತಿದ್ದ ಟೋಕನ್ ಪದ್ಧತಿಯನ್ನು ತೆಗೆದುಕೊಳ್ಳಿ.

ಅಕ್ಕಪಕ್ಕದ ಎರಡು ನಿಲ್ದಾಣಗಳಲ್ಲಿ ಒಂದೊಂದು ಯಂತ್ರ, ನಡುವೆ ವಿದ್ಯುತ್ ತಂತಿಯ ಸಂಬಂಧ. ಇಲ್ಲಿಯ ಸ್ಟೇಷನ್ ಮಾಸ್ಟರ್ ಗಂಟೆ ಒತ್ತಿ, ಫೋನಿನಲ್ಲಿ ‘ಲೈನ್ ಕ್ಲಿಯರ್’ ಕೇಳುತ್ತಾರೆ. ಮುಂದಿನ ಸ್ಟೇಷನ್ನಿನವರು ದಾರಿ ಖಾಲಿ ಇದೆ ಎಂದು ಖಾತ್ರಿ ಮಾಡಿಕೊಂಡು, ತಮ್ಮ ಕಡೆಯ ಗುಂಡಿ ಒತ್ತಿ ಹಿಡಿದರಷ್ಟೇ ಇಲ್ಲಿಯ ಯಂತ್ರದ ಹಿಡಿ ತಿರುಗುತ್ತದೆ. ಕೆಳಗಿನ ಬಾಯಿಂದ ಲೋಹದ ಚೆಂಡೊಂದು ಧಡ್ ಎಂದು ಬೀಳುತ್ತದೆ. ಅದರ ಮೇಲೆ ಎರಡೂ ನಿಲ್ದಾಣಗಳ ಹೆಸರು ಕೊರೆದಿರುತ್ತದೆ. ಆ ಚೆಂಡು ಚರ್ಮದ ಚೀಲಕ್ಕೆ, ಚೀಲ ದೊಡ್ಡ ಬಳೆಯಂಥ ಚೌಕಟ್ಟಿಗೆ. ನಿಲ್ಲದೆ ಹೋಗುವ ಗಾಡಿಯಾದರೆ ಪಾಯಿಂಟ್ಸ್‌ಮನ್ ಪ್ಲಾಟ್‌ಫಾರ್ಮಿನ ಅಂಚಿನಲ್ಲಿ ಬಳೆ ಎತ್ತಿ ಹಿಡಿದು ನಿಲ್ಲುತ್ತಾನೆ. ಎಂಜಿನ್ನಿನಿಂದ ಚಾಚಿದ ತೋಳು ಅದರೊಳಗೆ ತೂರಿ, ಹಿಂದಿನ ಸೆಕ್ಷನ್ನಿನ ಟೋಕನ್ನನ್ನು ಕೆಳಗೆ ಎಸೆದು ಮುಂದೆ ಹೋಗುತ್ತದೆ. ಹೊರಗಿರುವ ಚೆಂಡು ಮುಂದಿನ ಸ್ಟೇಷನ್ನಿನ ಯಂತ್ರದೊಳಗೆ ಹೋಗುವವರೆಗೆ ಆ ದಾರಿಗೆ ಎರಡನೇ ಚೆಂಡು ಸಿಗದು. ಇಷ್ಟೇ ತತ್ವ, ಸಾವಿರಾರು ಜೀವ ಇದರ ಮೇಲೆ ನಿಂತಿತ್ತು.

ಇದನ್ನು ಚಿತ್ರಿಸುವುದು ಹೀಗೆ. ಮೊದಲ ಸಲ ಕ್ಯಾಮೆರಾವನ್ನು ಕೋಣೆಯ ಮೂಲೆಯಲ್ಲಿ ನಿಲ್ಲಿಸಿ ಇಡೀ ಕ್ರಿಯೆಯನ್ನು ಕತ್ತರಿಸದೆ ಹಿಡಿಯಿರಿ. ಎಷ್ಟು ಹೊತ್ತು ತಗಲುತ್ತದೆ, ಯಾವುದರ ನಂತರ ಯಾವುದು ಎಂಬುದಕ್ಕೆ ಇದೇ ದಾಖಲೆ. ಎರಡನೇ ಗಾಡಿಗೆ ಬರೀ ಕೈ; ಮೂರನೆಯದಕ್ಕೆ ಮುಖ; ನಾಲ್ಕನೆಯದಕ್ಕೆ ಹೊರಗೆ, ಬಳೆ ಕೈಬದಲಾಗುವ ಗಳಿಗೆ. ಸೆಕೆಂಡಿಗೆ 25 ಫ್ರೇಮ್, ಶಟರ್ ಐವತ್ತನೇ ಒಂದು ಸೆಕೆಂಡ್ ಇಟ್ಟುಕೊಂಡರೆ ನಮ್ಮ 50 ಹರ್ಟ್ಸ್ ವಿದ್ಯುತ್ತಿನ ಟ್ಯೂಬ್‌ಲೈಟ್ ಮಿಣುಕುವುದಿಲ್ಲ. ಡ್ಯೂಟಿಯಲ್ಲಿರುವವರಿಗೆ ‘ಇನ್ನೊಂದು ಸಲ ಮಾಡಿ’ ಎಂದು ಯಾವತ್ತೂ ಹೇಳಬೇಡಿ. ಅಲ್ಲಿ ಪ್ರತಿ ಗಂಟೆಗೂ ಅರ್ಥವಿದೆ. ಮುಂದಿನ ಗಾಡಿಗೆ ಕಾಯಿರಿ.

ಪದ್ಧತಿಯೇ ಹೊರಟುಹೋಗಿದ್ದರೆ? ಮ್ಯೂಸಿಯಂನವರ ಒಪ್ಪಿಗೆ ಪಡೆದು, ನಿವೃತ್ತ ಪಾಯಿಂಟ್ಸ್‌ಮನ್ ಒಬ್ಬರನ್ನು ಅಲ್ಲಿಗೆ ಕರೆದೊಯ್ದು ಆ ಬಳೆಯನ್ನು ಕೈಗೆ ಕೊಡಿ. ಬಾಯಿ ಮರೆತದ್ದನ್ನು ಕೈ ನೆನಪಿಟ್ಟುಕೊಂಡಿರುತ್ತದೆ. ಯಾವ ಕಾಲು ಮುಂದೆ, ಮುಖ ಎತ್ತ, ಬಳೆ ಎಷ್ಟು ಎತ್ತರ ಎಂಬುದನ್ನು ಅವರ ಮೈಯೇ ತೋರಿಸಿಕೊಡುತ್ತದೆ. ಇದು ಮರುಸೃಷ್ಟಿ ಎಂಬುದನ್ನು ತೆರೆಯ ಮೇಲೆ ಒಂದು ಸಾಲಿನಲ್ಲಿ ಹೇಳಿಬಿಡಿ. ರೈಲು ಸಾಕ್ಷ್ಯಚಿತ್ರಗಳ ಮೂಲಪುರುಷ ಎನ್ನಬಹುದಾದ 1936ರ ಬ್ರಿಟಿಷ್ ಚಿತ್ರ ‘ನೈಟ್ ಮೇಲ್’ನಲ್ಲಿ ಅಂಚೆ ವಿಂಗಡಿಸುವ ಬೋಗಿಯ ಒಳದೃಶ್ಯ ತೆಗೆದದ್ದು ಸ್ಟುಡಿಯೋದ ಸೆಟ್ಟಿನಲ್ಲಿ. ನಿಜವಾದ ಅಂಚೆ ನೌಕರರೇ ಓಡುವ ರೈಲಿನಲ್ಲಿದ್ದಂತೆ ಓಲಾಡುತ್ತಾ ತಮ್ಮ ಕೆಲಸ ಮಾಡಿ ತೋರಿಸಿದ್ದರು. ಕೈಗಳು ನಿಜದವಾದ್ದರಿಂದ ಚಿತ್ರ ಇವತ್ತಿಗೂ ನಿಂತಿದೆ.

ಸದ್ದಿಗೆ ಬೇರೆಯೇ ದಿನ ಕೊಡಿ

ಕಣ್ಣಿಗೆ ಕಾಣುವ ಹಳೆಯದನ್ನು ಛಾಯಾಚಿತ್ರಗಳಲ್ಲಾದರೂ ನೋಡಬಹುದು, ಕಿವಿಗೆ ಆ ಅನುಕೂಲವಿಲ್ಲ. ಗಾಲಿಯ ಟಕಟಕ ತಾಳ ಹುಟ್ಟುತ್ತಿದ್ದದ್ದು ಹನ್ನೆರಡು ಹದಿಮೂರು ಮೀಟರ್‌ಗೊಮ್ಮೆ ಬರುತ್ತಿದ್ದ ಹಳಿಯ ಸಂದಿನಿಂದ. ಈಗ ಹಳಿಗಳನ್ನು ಉದ್ದಕ್ಕೂ ಬೆಸೆಯುವುದರಿಂದ ಆ ತಾಳ ಮುಖ್ಯ ಮಾರ್ಗಗಳಲ್ಲಿ ಇಲ್ಲವಾಗಿದೆ. ರಟ್ಟಿನ ಟಿಕೆಟ್ಟಿಗೆ ತಾರೀಖು ಒತ್ತುವ ಯಂತ್ರದ ಖಟ್, ನಿಲ್ದಾಣದಲ್ಲಿ ನೇತುಹಾಕಿದ ಕಂಬಿತುಂಡಿಗೆ ಬಡಿದಾಗಿನ ಠಣ್, ಕೈಮರದ ತಂತಿ ಬಿಗಿದಾಗ ರಾಟೆಗಳ ಕಿರುಗುಟ್ಟು, ಇವೆಲ್ಲ ಒಂದೊಂದಾಗಿ ಹೋಗುತ್ತಿವೆ.

ಕ್ಯಾಮೆರಾದ ಮೈಕನ್ನು ನಂಬಬೇಡಿ. ಬೇರೆ ರೆಕಾರ್ಡರ್‌ನಲ್ಲಿ 48 ಕಿಲೋಹರ್ಟ್ಸ್, 24 ಬಿಟ್ ಗುಣಮಟ್ಟದ ವೇವ್ ಕಡತವಾಗಿ ಹಿಡಿಯಿರಿ. ಗಾಳಿ ತಡೆಯುವ ತುಪ್ಪಟದ ಹೊದಿಕೆ ಇರಲಿ. ಗಾಡಿ ಬರುವ ಐದು ನಿಮಿಷ ಮೊದಲೇ ಶುರುಮಾಡಿ, ಹೋದ ಮೇಲೆಯೂ ಐದು ನಿಮಿಷ ಬಿಡಿ. ಖಾಲಿ ನಿಲ್ದಾಣದ ಸದ್ದೂ ದಾಖಲೆಯೇ. ಪ್ರತಿ ಧ್ವನಿಮುದ್ರಣದ ಶುರುವಿನಲ್ಲಿ ದಿನ, ಜಾಗ, ಹೊತ್ತು, ಯಾವ ಗಾಡಿ ಎಂದು ನಿಮ್ಮ ಬಾಯಲ್ಲೇ ಹೇಳಿ. ಕಡತದ ಹೆಸರು ಕಳೆದುಹೋದರೂ ಈ ಮಾತು ಉಳಿದಿರುತ್ತದೆ.

ಮಾತಾಡಿಸುವ ರೀತಿ

ಬಿಬಿಸಿಗಾಗಿ ಗೆರಿ ಟ್ರಾಯ್ನಾ ನಿರ್ಮಿಸಿದ, 2010ರಲ್ಲಿ ಪ್ರಸಾರವಾದ ಭಾರತದ ಬೆಟ್ಟದ ರೈಲುಗಳ ಸರಣಿ ಡಾರ್ಜಿಲಿಂಗ್, ನೀಲಗಿರಿ, ಕಾಲ್ಕಾ–ಶಿಮ್ಲಾ ಮಾರ್ಗಗಳನ್ನು ತೋರಿಸಿದ್ದು ಅಲ್ಲಿ ದುಡಿಯುವವರ ಬದುಕಿನ ಮೂಲಕ. ಎಂಜಿನ್ನಿನ ವಿವರಕ್ಕಿಂತ ಮನೆ, ಪಗಾರ, ಮಕ್ಕಳ ಮದುವೆಯ ಚಿಂತೆ ನೋಡುಗನನ್ನು ಹೆಚ್ಚು ಹಿಡಿದು ನಿಲ್ಲಿಸುತ್ತವೆ.

ಸ್ಟೇಷನ್ ಮಾಸ್ಟರು, ಡ್ರೈವರು ಸುಲಭವಾಗಿ ಸಿಗುತ್ತಾರೆ, ಚೆನ್ನಾಗಿ ಮಾತಾಡುತ್ತಾರೆ. ಹುಡುಕಿಕೊಂಡು ಹೋಗಬೇಕಾದವರು ಗ್ಯಾಂಗ್‌ಮನ್, ಕೀಮನ್, ಗೇಟ್‌ಮನ್, ಲ್ಯಾಂಪ್‌ಮನ್‌ಗಳು. ಪ್ಲಾಟ್‌ಫಾರ್ಮಿನಲ್ಲಿ ಬುಟ್ಟಿ ಹೊತ್ತು ಮಾರುತ್ತಿದ್ದ ಹೆಂಗಸರು, ಕ್ವಾರ್ಟರ್ಸ್‌ನಲ್ಲಿ ಮಕ್ಕಳನ್ನು ಸಾಕಿದ ತಾಯಂದಿರು ಕೂಡ. ಸಕಲೇಶಪುರ ಘಾಟಿಯಲ್ಲಿ ಸುತ್ತ ಕಾಡೇ ಇರುವ ಎಡಕುಮೇರಿಯಂಥ ನಿಲ್ದಾಣದಲ್ಲಿ ಸಂಸಾರ ಮಾಡಿದವರಿಗೆ ಗೊತ್ತಿರುವುದು ಯಾವ ಕಡತದಲ್ಲೂ ಇರುವುದಿಲ್ಲ.

ಪ್ರಶ್ನೆಗಳು ಕೆಲಸದ ಸುತ್ತ ಇರಲಿ. ‘ಆ ದಿನಗಳ ಬಗ್ಗೆ ಏನನ್ನಿಸುತ್ತದೆ?’ ಎಂದರೆ ‘ಚೆನ್ನಾಗಿತ್ತು ಸಾರ್’ ಎಂಬ ಒಂದೇ ಉತ್ತರ. ‘ಯಜಮಾನ್ರೇ, ರಾತ್ರಿ ಪೆಟ್ರೋಲಿಂಗ್‌ಗೆ ಹೊರಡೋವಾಗ ಕೈಯಲ್ಲಿ ಏನೇನು ಹಿಡ್ಕೋತಿದ್ರಿ?’ ಎಂದು ಕೇಳಿ ನೋಡಿ. ಲಾಂದ್ರ, ಬಾವುಟ, ಅಪಾಯ ಕಂಡರೆ ಹಳಿಯ ಮೇಲಿಟ್ಟು ಸಿಡಿಸುವ ಪಟಾಕಿ, ಮುಂದಿನ ಬೀಟಿನವನ ಜೊತೆ ಅದಲುಬದಲು ಮಾಡುವ ಪುಸ್ತಕ, ಎಲ್ಲ ಒಂದೊಂದಾಗಿ ಹೊರಬರುತ್ತವೆ. ಆ ಪಟ್ಟಿಯ ಹಿಂದೆಯೇ ಮಣ್ಣು ಕುಸಿದ ರಾತ್ರಿಯ ಕತೆಯೂ ಬರುತ್ತದೆ.

ಭಾಷೆಯ ವಿಷಯದಲ್ಲಿ ಧಾರಾಳವಾಗಿರಿ. ರೈಲ್ವೆ ಕಾಲನಿಗಳಲ್ಲಿ ಕನ್ನಡದ ಜೊತೆ ತಮಿಳು, ತೆಲುಗು, ಉರ್ದು, ತುಳು, ಕೊಂಕಣಿ, ಮರಾಠಿ ಎಲ್ಲ ಬೆರೆತಿವೆ. ಅವರವರ ಮನೆಮಾತಿನಲ್ಲೇ ಹೇಳಲಿ. ಉಪಶೀರ್ಷಿಕೆ ನಿಮ್ಮ ಕೆಲಸ. ಕ್ಯಾಮೆರಾ ಶುರುವಾಗುವ ಮೊದಲು ಒಪ್ಪಿಗೆಪತ್ರವನ್ನು ಅವರಿಗೆ ತಿಳಿಯುವ ಭಾಷೆಯಲ್ಲಿ ಓದಿ ಹೇಳಿ. ಈ ಮಾತು ಎಲ್ಲಿ ಬಳಕೆಯಾಗುತ್ತದೆ, ಯಾವ ಸಂಗ್ರಹಕ್ಕೆ ಹೋಗುತ್ತದೆ, ಬೇಡವೆನಿಸಿದರೆ ಯಾವ ಭಾಗ ತೆಗೆಸಬಹುದು ಎಂಬುದು ಅದರಲ್ಲಿ ಸ್ಪಷ್ಟವಾಗಿರಲಿ. ಇನ್ನೂ ನೌಕರಿಯಲ್ಲಿರುವವರು ಇಲಾಖೆಯ ನಿಯಮಕ್ಕೆ ಕಟ್ಟುಬಿದ್ದವರು. ಅವರಿಂದ ದೂರು ಹೇಳಿಸಿ ಸಿಕ್ಕಿಸಬೇಡಿ.

ಅಲ್ಮೇರಾದಲ್ಲಿರುವ ಟೇಪು

ಗೇಜ್ ಬದಲಾವಣೆಯ ವರ್ಷಗಳೂ ವಿಎಚ್‌ಎಸ್ ಕ್ಯಾಮೆರಾ ಊರೂರಿಗೆ ಬಂದ ವರ್ಷಗಳೂ ಒಂದೇ. ಹಾಗಾಗಿ ಕೊನೆಯ ಮೀಟರ್‌ಗೇಜ್ ಗಾಡಿಗೆ ಹಾರ ಹಾಕಿದ್ದು, ಸ್ಟೇಷನ್ ಮಾಸ್ಟರರ ಬೀಳ್ಕೊಡುಗೆ, ರೈಲಿನಲ್ಲಿ ಬಂದ ಮದುವೆ ದಿಬ್ಬಣ, ಇಂಥವು ಯಾರದೋ ಮನೆಯ ಅಲ್ಮೇರಾದಲ್ಲೋ ಊರಿನ ಹಳೆಯ ಸ್ಟುಡಿಯೋದ ಅಟ್ಟದಲ್ಲೋ ಇರುವ ಸಾಧ್ಯತೆ ಬಹಳ. ಅವುಗಳ ಆಯುಸ್ಸು ಮುಗಿಯುತ್ತಾ ಬಂದಿದೆ. ಮಲೆನಾಡು, ಕರಾವಳಿಯ ತೇವಕ್ಕೆ ಟೇಪಿನ ಮೇಲೆ ಬೂಷ್ಟು ಹಿಡಿಯುತ್ತದೆ. ಟೇಪು ಓಡಿಸುವ ಯಂತ್ರಗಳೂ ರಿಪೇರಿ ಮಾಡುವವರೂ ಕಡಿಮೆಯಾಗುತ್ತಿದ್ದಾರೆ.

ಬಿಳಿ ಬೂಷ್ಟು ಕಂಡ ಟೇಪನ್ನು ಯಂತ್ರಕ್ಕೆ ಹಾಕಲೇಬೇಡಿ. ಅದು ತಾನೂ ಹಾಳಾಗಿ ಯಂತ್ರದ ತಲೆಯನ್ನೂ ಕೆಡಿಸಿ, ಮುಂದಿನ ಟೇಪಿಗೂ ಅಂಟುತ್ತದೆ. ಅದನ್ನು ಬಲ್ಲವರಿಂದ ಶುಚಿ ಮಾಡಿಸಿ. ಚೆನ್ನಾಗಿರುವ ಟೇಪನ್ನು ಡಿಜಿಟಲ್ ಮಾಡುವಾಗ ಮೂಲದ 720×576 ಅಳತೆ, ಹೆಣೆದ ಸಾಲುಗಳ (ಇಂಟರ್‌ಲೇಸ್) ರಚನೆಯನ್ನು ಇದ್ದಂತೆಯೇ ಉಳಿಸಿಕೊಳ್ಳಿ. ‘ಚಂದ ಕಾಣಲಿ’ ಎಂದು ಗೀರು ಅಳಿಸುವುದು, ಬಣ್ಣ ತಿದ್ದುವುದು ಏನಿದ್ದರೂ ಪ್ರತಿಯಲ್ಲಿ. ಎಂಟು ಮಿಲಿಮೀಟರ್ ಫಿಲ್ಮ್ ಸುರುಳಿ ಸಿಕ್ಕಿ, ಡಬ್ಬಿ ತೆರೆದಾಗ ವಿನಿಗರ್ ವಾಸನೆ ಬಂದರೆ ಅದು ಕೊಳೆಯತೊಡಗಿದೆ ಎಂದರ್ಥ. ಬೇರೆ ಸುರುಳಿಗಳಿಂದ ದೂರವಿಟ್ಟು ಬೇಗ ಸ್ಕ್ಯಾನ್ ಮಾಡಿಸಿ. ಕೊಟ್ಟವರಿಗೆ ಮೂಲವನ್ನೂ ಪೆನ್‌ಡ್ರೈವಿನಲ್ಲಿ ಒಂದು ಪ್ರತಿಯನ್ನೂ ಹಿಂತಿರುಗಿಸಿದರೆ ಅದೇ ಬೀದಿಯಲ್ಲಿ ಇನ್ನೆರಡು ಮನೆಯ ಅಲ್ಮೇರಾ ತೆರೆಯುತ್ತದೆ.

ಜೋಡಣೆಯಲ್ಲಿ ಎಚ್ಚರ

ಹಳೆಯ ರೈಲಿನ ಚಿತ್ರಕ್ಕೆ ಕೊಳಲು, ಮಂಜು, ನಿಟ್ಟುಸಿರು ಬೇಗ ಅಂಟಿಕೊಳ್ಳುತ್ತವೆ. ಮೀಟರ್‌ಗೇಜ್ ಕಾಲದಲ್ಲಿ ಗಾಡಿ ಗಂಟೆಗಟ್ಟಲೆ ತಡವಾಗುತ್ತಿತ್ತು, ಸಿಬ್ಬಂದಿಯ ದುಡಿಮೆ ಕಠಿಣವಾಗಿತ್ತು. ಅದನ್ನೂ ಸೇರಿಸಿದರೆ ಚಿತ್ರಕ್ಕೆ ಬೆನ್ನೆಲುಬು ಬರುತ್ತದೆ. ಒಂದು ಮಾರ್ಗದ ದೃಶ್ಯಕ್ಕೆ ಇನ್ನೊಂದು ಮಾರ್ಗದ ಸದ್ದು ಹಾಕಬೇಡಿ. ಡೀಸೆಲ್ ಎಂಜಿನ್ನಿಗೆ ಉಗಿಬಂಡಿಯ ಸಿಳ್ಳೆ ಅಂಟಿಸಿದರೆ ರೈಲ್ವೆಯವರು ಮೊದಲ ನಿಮಿಷದಲ್ಲೇ ಹಿಡಿದುಬಿಡುತ್ತಾರೆ. ಹಳೆಯ ತುಣುಕು ಬಂದಾಗ ಜಾಗ, ಇಸವಿ ತೆರೆಯ ಮೇಲಿರಲಿ. ಮುಗಿಸುವ ಮೊದಲು ಕಚ್ಚಾ ಜೋಡಣೆಯನ್ನು ಚಿತ್ರದಲ್ಲಿ ಮಾತಾಡಿದವರಿಗೇ ತೋರಿಸಿ. ತಾಂತ್ರಿಕ ತಪ್ಪು ತಿದ್ದಲು ಅವರಿಗಿಂತ ಬಲ್ಲವರಿಲ್ಲ.

ಜೋಪಾನ ಮತ್ತು ಒಪ್ಪಿಸುವಿಕೆ

ಸೆಕೆಂಡಿಗೆ 100 ಮೆಗಾಬಿಟ್‌ನಲ್ಲಿ ತೆಗೆದ ದೃಶ್ಯ ಗಂಟೆಗೆ ಸುಮಾರು 45 ಗಿಗಾಬೈಟ್ ತಿನ್ನುತ್ತದೆ. ಮೂವತ್ತು ಗಂಟೆಗೆ ಒಂದೂಕಾಲು ಟೆರಾಬೈಟ್ ದಾಟುತ್ತದೆ. ಇದಕ್ಕೆ ಸಂಗ್ರಹಕಾರರ ಸರಳ ಸೂತ್ರವೊಂದಿದೆ: ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಪ್ರತಿ ಬೇರೆ ಊರಿನಲ್ಲಿ. ಹಾರ್ಡ್‌ಡಿಸ್ಕ್ ಶಾಶ್ವತ ಅಲ್ಲ. ವರ್ಷಕ್ಕೊಮ್ಮೆ ಚಾಲೂ ಮಾಡಿ ನೋಡಿ, ಐದಾರು ವರ್ಷಕ್ಕೊಮ್ಮೆ ಹೊಸದಕ್ಕೆ ದಾಟಿಸಿ.

ಕಡತದ ಹೆಸರಲ್ಲಿ ದಿನಾಂಕ, ನಿಲ್ದಾಣ, ವಿಷಯ, ಕ್ರಮಸಂಖ್ಯೆ ಬರಲಿ. ಜೊತೆಗೆ ಒಂದು ಪಟ್ಟಿ: ಯಾರು ತೆಗೆದರು, ಯಾರಿದ್ದಾರೆ, ಏನು ನಡೆಯುತ್ತಿದೆ, ಯಾವ ಯಂತ್ರ, ಯಾವ ಗಾಡಿ, ಹಕ್ಕು ಯಾರದು. ಬೇಸರದ ಕೆಲಸ ಇದು. ದಿನದ ಚಿತ್ರೀಕರಣ ಮುಗಿದ ಸಂಜೆಯೇ ಕೂತು ಬರೆಯದಿದ್ದರೆ ಮತ್ತೆ ಬರೆಯುವುದೇ ಇಲ್ಲ. ಹೆಸರಿಲ್ಲದ ದೃಶ್ಯ ಮುಂದಿನವರಿಗೆ ಬರೀ ಹಳಿ, ಬರೀ ರೈಲು.

ಎಲ್ಲಿ ಒಪ್ಪಿಸುವುದು ಎಂಬುದನ್ನು ಮೊದಲೇ ಮಾತಾಡಿಕೊಳ್ಳಿ. ರೈಲು ಮ್ಯೂಸಿಯಂಗಳು, ವಿಶ್ವವಿದ್ಯಾಲಯದ ಗ್ರಂಥಾಲಯ, ಜಿಲ್ಲಾ ಕೇಂದ್ರದ ಕಾಲೇಜು, ಯಾರು ಒಪ್ಪಿದರೂ ಒಳ್ಳೆಯದೇ. ಎರಡು ಕಡೆ ಇದ್ದರೆ ಇನ್ನೂ ಒಳ್ಳೆಯದು. ಮುಗಿದ ಚಿತ್ರವನ್ನಲ್ಲದೆ ಕಚ್ಚಾ ದೃಶ್ಯವನ್ನು ಪದರ ಪದರವಾಗಿ ಟಿಪ್ಪಣಿ ಸಮೇತ ಇಡಲೆಂದೇ 2008ರಲ್ಲಿ ಶುರುವಾದ ‘ಪ್ಯಾಡ್.ಮಾ’ ಎಂಬ ಸಂಗ್ರಹದ ಹಿಂದೆ ಬೆಂಗಳೂರಿನ ಆಲ್ಟರ್ನೇಟಿವ್ ಲಾ ಫೋರಂ ಕೂಡ ಇತ್ತು. ಅದರ ಮಾದರಿ ನೋಡಿದರೆ ಟಿಪ್ಪಣಿ ಹೇಗಿರಬೇಕು ಎಂಬುದು ತಿಳಿಯುತ್ತದೆ. ಹೀಗೆ ಜೋಪಾನ ಮಾಡಿ ಒಪ್ಪಿಸುವುದರ ಬೆಲೆ ಗೊತ್ತಾಗಬೇಕಾದರೆ ಬ್ರಿಟನ್ನಿನ ಕಡೆ ನೋಡಬೇಕು. 1949ರಲ್ಲಿ ಶುರುವಾದ ಬ್ರಿಟಿಷ್ ಟ್ರಾನ್ಸ್‌ಪೋರ್ಟ್ ಫಿಲ್ಮ್ಸ್ ಘಟಕ ತೆಗೆದದ್ದು ಪ್ರಚಾರಕ್ಕೆ, ಸಿಬ್ಬಂದಿ ತರಬೇತಿಗೆ. ಇವತ್ತು ಅದೇ ಚಿತ್ರಗಳು ಅಲ್ಲಿನ ರೈಲ್ವೆಯ ಸಾಮಾಜಿಕ ಚರಿತ್ರೆ. ಯಾರೋ ಜೋಪಾನ ಮಾಡಿ ಒಂದು ಸಂಗ್ರಹಾಲಯಕ್ಕೆ ಒಪ್ಪಿಸಿದ್ದರಿಂದ ಅದು ಸಾಧ್ಯವಾಯಿತು.

ಮೊದಲ ಪ್ರದರ್ಶನ ಮಾರ್ಗದ ಊರಿನಲ್ಲೇ ಆಗಲಿ. ಶಾಲೆಯ ಗೋಡೆ, ಒಂದು ಪ್ರೊಜೆಕ್ಟರ್, ಜೊತೆಗೆ ರೆಕಾರ್ಡರ್. ಚಿತ್ರ ಮುಗಿದ ಮೇಲೆ ‘ಅದು ಹಾಗಲ್ಲ, ಹೀಗೆ’ ಎಂದು ಎದ್ದು ನಿಲ್ಲುವವರೇ ನಿಮ್ಮ ಮುಂದಿನ ಸಂದರ್ಶನ. ದುಡ್ಡು, ಒಳ್ಳೆಯ ಕ್ಯಾಮೆರಾ, ರೈಲ್ವೆಯ ಅನುಮತಿ ಎಲ್ಲ ಕೈಸೇರಿದ ಮೇಲೆ ಶುರುಮಾಡೋಣ ಎಂದು ಕೂರಬೇಡಿ. ಚಿತ್ರೀಕರಣ ಕಾಯಬಹುದು, ಎಂಬತ್ತು ದಾಟಿದ ಗ್ಯಾಂಗ್‌ಮೇಟ್ ಒಬ್ಬರ ಮಾತು ಕಾಯುವುದಿಲ್ಲ. ಅವರ ಮನೆ ಜಗುಲಿಯಲ್ಲಿ ಕೂತು ಫೋನಿನಲ್ಲಿ ಧ್ವನಿಮುದ್ರಿಸಿಕೊಳ್ಳಲು ಯಾವ ಇಲಾಖೆಯ ಅಪ್ಪಣೆಯೂ ಬೇಡ, ಅವರ ಒಪ್ಪಿಗೆ ಇದ್ದರೆ ಸಾಕು. ಆ ಕೆಲಸದಿಂದಲೇ ಶುರುಮಾಡಿ.